ಅಚ್ಚಿನಲ್ಲಿ ನಿಲ್ಲದ ಬೆಲ್ಲ

ಲೋಕಪ್ಪ ಸೊಂಟದ ಚೀಲಕ್ಕೆ ಕೈ ಹಾಕಿದ್ದನ್ನು ಬೆನಕಪ್ಪ ಕಂಬದ ಮರೆಯಿಂದ ನೋಡಿದರು. ಬಿಳಿಯದೇನೋ ಬೆರಳಿಗೆ ಬಂತು, ಕೊಪ್ಪರಿಗೆಯಲ್ಲಿದ್ದ ಕಬ್ಬಿನ ಹಾಲಿಗೆ ಬಿತ್ತು.

ಅನುಮಾನ ನಿಜವಾಯಿತು.

೧೯೫೮ರ ಆ ಸುಗ್ಗಿಯಲ್ಲಿ, ಈಸೂರಿನ ಬೆನಕಪ್ಪ ಗೌಡರ ಆಲೆಮನೆಯಲ್ಲಿ ಬೆಲ್ಲ ಗಟ್ಟಿಯಾಗುತ್ತಿರಲಿಲ್ಲ. ಮೊದಲ ಪಾಕ ಮೆತ್ತಗಾದಾಗ, ನೆಲಕ್ಕೊರಗಿದ ಕಬ್ಬಿನ ದೋಷವೆಂದು ಪಾಕ ಕಾಯಿಸುವ ಲೋಕಪ್ಪ ಹೇಳಿದ್ದ. ಆಮೇಲೆ ಒಳ್ಳೆಯ ಕಬ್ಬು ಅರೆದರೂ ಅಚ್ಚಿನಿಂದ ಇಳಿದದ್ದು ಅಂಟಂಟು ಜೋನಿ, ನೀರುಬೆಲ್ಲ.

“ಸೊರಬದ ಅಳಿಯನ್ನ ತಂದ್ರಲ್ಲ ಗೌಡ್ರೆ, ಬೆಲ್ಲಾನೂ ಆ ಕಡೆಯೋರ ಜೋನಿ ರುಚಿಗೆ ತಿರುಗೈತಿ,” ಎಂದು ನೆರೆಮನೆಯ ಬಸಕ್ಕ ಹಾಲು ಕುಡಿಯುತ್ತಾ ನಕ್ಕಿದ್ದಳು.

ಬಂದವರಿಗೆಲ್ಲ ಹಾಲು ಕೊಡುವುದು ಆಲೆಮನೆಯ ರೂಢಿ. ಬಂದವರ ಕಣ್ಣೆಲ್ಲ ಕೊಪ್ಪರಿಗೆಯ ಮೇಲೇ. ಬೆನಕಪ್ಪ ಪ್ರತಿ ಪಾಕಕ್ಕೂ ತಾವೇ ನಿಂತು ದೃಷ್ಟಿ ತೆಗೆದರು. ಮೊದಲು ಒಂದು ನಿಂಬೆಹಣ್ಣು ಸಾಕಾಗುತ್ತಿತ್ತು. ಈಗ ಹೋಳುಗಳ ಬುಟ್ಟಿಯೇ ಬೇಕು. ಬೆಲ್ಲ ಇನ್ನಷ್ಟು ನೀರಾಯಿತು. ದೃಷ್ಟಿಯಲ್ಲವಾದರೆ ಕೈವಾಡವೇ.

ಅಳಿಯ ಮಹೇಶ್ವರಪ್ಪ ಸಕ್ಕರೆ ಕಾರ್ಖಾನೆಯ ಪ್ರಯೋಗಶಾಲೆಯಲ್ಲಿದ್ದ. ಮಾವ ಹೇಳಿಕಳಿಸಿದ್ದರಿಂದ ಆಗಷ್ಟೇ ಬಸ್ಸಿಳಿದು ಬಂದವನು ಪರೀಕ್ಷೆಯ ಕಾಗದ ಅದ್ದಿದ. ಗಾಣದಿಂದ ಇಳಿದ ಹಾಲಿನಲ್ಲಿ ನಸುಗೆಂಪು. ಕೊಪ್ಪರಿಗೆಯಲ್ಲಿ ಕಡುಗೆಂಪು.

“ಯಾರೋ ಹುಳಿ ಸೇರಿಸ್ತಿದಾರೆ ಮಾವ. ಹುಳೀಲಿ ಕುದ್ದ ಸಕ್ಕರೆ ಒಡೆದುಹೋಗುತ್ತೆ, ಹರಳುಗಟ್ಟಲ್ಲ.”

ಬೆನಕಪ್ಪ ಲೋಕಪ್ಪನ ಚೀಲ ಕಿತ್ತುಕೊಂಡರು. “ಇಲ್ಲಿದೆ ನೋಡ್ರಿ. ಇವನ ಕಣ್ಣೇ ದೊಡ್ಡ ಕಣ್ಣು.”

ಲೋಕಪ್ಪ ತಲೆ ತಗ್ಗಿಸಿದ. ಪಾಕ ಕೆಡಿಸಿದವನೆಂಬ ಹೆಸರು ಬಂದರೆ ಶಿಕಾರಿಪುರದಿಂದ ಸೊರಬದವರೆಗೆ ಯಾವ ಆಲೆಮನೆಯೂ ಅವನನ್ನು ಒಲೆಯ ಹತ್ತಿರ ಬಿಡದು.

ಸಿಟ್ಟಿನಲ್ಲೇ ಬೆನಕಪ್ಪ ಬುಟ್ಟಿಗೆ ಕೈ ಹಾಕಿ, ಮತ್ತೊಮ್ಮೆ ದೃಷ್ಟಿ ತೆಗೆಯಲು ನಿಂತರು.

ಮಹೇಶ್ವರಪ್ಪ ಚೀಲದೊಳಗಿನ ಬಿಳಿಯದನ್ನು ಬೆರಳಲ್ಲಿ ಉಜ್ಜಿದ. “ಇದು ಎಲೆಯಡಿಕೆ ಸುಣ್ಣ ಮಾವ. ಹುಳಿ ಮುರಿಯೋದು. ಇವನು ಕೆಡಿಸ್ತಿಲ್ಲ, ಉಳಿಸೋಕೆ ನೋಡ್ತಿದಾನೆ. ಸಾಲ್ತಿಲ್ಲ ಅಷ್ಟೆ.”

“ಹಂಗಾರೆ ಹುಳಿ ಹಾಕೋನು ಯಾರೋ? ಬಾಯಿ ಬಿಡು.”

“ನನ್ನ ಬಾಯಲ್ಲಿ ಹೇಳಿಸಬ್ಯಾಡ್ರಿ ಗೌಡ್ರೆ,” ಎಂದ ಲೋಕಪ್ಪ.

ಅವನ ನೋಟದ ಜಾಡು ಹಿಡಿದು ಮಹೇಶ್ವರಪ್ಪನೂ ತಿರುಗಿದ.

ಬೆನಕಪ್ಪನವರ ಎರಡೂ ಮುಷ್ಟಿಗಳಿಂದ ನಿಂಬೆಯ ರಸ ಕೊಪ್ಪರಿಗೆಗೆ ಸುರಿಯುತ್ತಿತ್ತು.