ಒಂದು ನಿಮಿಷದ ಕಾಲುರಿ

ಗಾಂಜಾ ಔಷಧಿ ಬರೆದುಕೊಡುವ ಮುನ್ನ ರೋಗಿಯ ನೋವನ್ನು ವೈದ್ಯರು ಒಂದು ನಿಮಿಷ ತಾವೇ ಅನುಭವಿಸಬೇಕೆಂಬ ನಿಯಮ ಬಂದು ಹನ್ನೊಂದು ವರ್ಷವಾಗಿತ್ತು. ಹಾಗಾಗಿ ಬಾಗಲಕೋಟೆಯ ದವಾಖಾನೆಯೊಂದರಲ್ಲಿ ಡಾಕ್ಟರ್ ನಫೀಸಾ, ಯಮನವ್ವನ ಮಣಿಕಟ್ಟಿಗೆ ಕಟ್ಟಿದ್ದ, ನೋವನ್ನು ದಾಟಿಸುವ ಪಟ್ಟಿಯ ಇನ್ನೊಂದು ತುದಿಯನ್ನು ತನ್ನ ಕೈಗೆ ಸುತ್ತಿಕೊಂಡಳು. ಬಸ್ ಕಂಡಕ್ಟರ್ ಯಮನವ್ವನಿಗೆ ಮೂರು ವರ್ಷದಿಂದ ಕಾಲುರಿ. ಜೊತೆಗೆ ಬಂದಿದ್ದ ಅಕ್ಕ ಕಸ್ತೂರೆವ್ವ ಅದನ್ನು ಸೋಗು ಎನ್ನುತ್ತಿದ್ದಳು.

ನಫೀಸಾ ಹಲ್ಲು ಕಚ್ಚಿ ಕುಳಿತಳು. ಯಮನವ್ವ ಅವಳ ಮುಖವನ್ನೇ ಕುತೂಹಲದಿಂದ ನೋಡಿದಳು. ನಿಮಿಷ ಮುಗಿಯಿತು.

"ಹೆಂಗೈತ್ರಿ? ನನಗ ಹೇಳಾಕ ಬರಂಗಿಲ್ಲ," ಎಂದಳು ಯಮನವ್ವ.

"ಕಾದ ಹಂಚಿನ ಮ್ಯಾಲ ನಿಂತಾಗ, ಒಳಗಿಂದ ಇರುವಿ ಕಡದಂಗ ಐತಿ," ಎಂದಳು ನಫೀಸಾ.

"ಹೌದ್ರಿ! ಅದ, ಅದ!"

"ಆದ್ರ ಈಗ ಬರಿಯಾಕ ಆಗಂಗಿಲ್ಲವ್ವಾ. ಮೊದಲ ಬ್ಯಾರೆ ಎರಡು ಔಷಧಿ ಕೈಕೊಟ್ಟಿರಬೇಕು, ನೀವು ಒಂದ ತಗೊಂಡೀರಿ. ಇನ್ನೊಂದನ್ನ ಆರು ವಾರ ತಗೊಂಡು ನೋಡ್ರಿ. ಅದೂ ನಾಟಲಿಲ್ಲಂದ್ರ ನಾನ ಬರದುಕೊಡ್ತೀನಿ."

ಯಮನವ್ವನ ಮುಖ ಸಪ್ಪಗಾಯಿತು.

ಅಷ್ಟರಲ್ಲಿ ಕಸ್ತೂರೆವ್ವ ಎದ್ದು, "ನನಗೂ ಒಂದೀಟು ಕಟ್ರಿ, ನೋಡೂಣು," ಎಂದು ಕೈ ಚಾಚಿದಳು. ಹತ್ತೆಣಿಸುವಷ್ಟರಲ್ಲಿ ಪಟ್ಟಿ ಕಿತ್ತು ಸುಧಾರಿಸಿಕೊಂಡಳು. ಆಮೇಲೆ ಬಾಗಿಲಲ್ಲಿದ್ದ ತಂಗಿಯ ಚಪ್ಪಲಿಗಳನ್ನು ತಂದು, ಅವಳ ಕಾಲ ಬಳಿ ಕುಳಿತು, ಮೆಲ್ಲಗೆ ತೊಡಿಸತೊಡಗಿದಳು.