ನೀಲವ್ವನ ಗೊರಸಿನ ಗುರುತು

ಎಮ್ಮೆಗಳು ಮಾತಾಡತೊಡಗಿ ಇಪ್ಪತ್ತು ವರ್ಷವಾಗಿತ್ತು. ಪ್ರಾಣಿಗಳ ಬಗ್ಗೆ ನೀತಿಶಾಸ್ತ್ರ ಬರೆಯುವವರು ಬರೆದದ್ದನ್ನು ಮೊದಲು ಒಂದು ಪ್ರಾಣಿಗೆ ಓದಿ ಹೇಳಿ, ಅದರ ಗೊರಸಿನ ಗುರುತು ಹಾಕಿಸಿಕೊಳ್ಳಬೇಕೆಂಬುದು ಧಾರವಾಡದ ಆ ಕಾಲೇಜಿನ ರೂಢಿ. ಪ್ರೊಫೆಸರ್ ಸುಮಂಗಲಾ ಬೆಟಗೇರಿ ತಮ್ಮ ಏಳು ಪುಸ್ತಕಗಳನ್ನೂ ನೀಲವ್ವನೆಂಬ ಎಮ್ಮೆಗೆ ಓದಿದ್ದರು. ವಿಭಾಗದ ಮುಖ್ಯಸ್ಥರು ಯಾರಾಗಬೇಕೆಂದು ಸೂಚಿಸುವುದೂ ಆ ಎಮ್ಮೆಯೇ. ಆದರೂ ಆ ಹುದ್ದೆಗೆ ನೀಲವ್ವ ಸೂಚಿಸಿದ್ದು ಇರ್ಷಾದ್ ನದಾಫನನ್ನು. ಅವನು ಸುಮಂಗಲಾ ಅವರ ಕೈಯಲ್ಲೇ ಕಲಿತವನು, ಬರೆದದ್ದು ಒಂದೇ ಲೇಖನ.

ಸುಮಂಗಲಾ ನೇರವಾಗಿ ಕೊಟ್ಟಿಗೆಗೆ ಬಂದರು. "ನಾ ಬರೀದ ಇದ್ದದ್ದು ಅಂವ ಏನ್ ಬರದಾನ, ನೀಲವ್ವಾ?"

"ಏನೂ ಇಲ್ರಿ ಅಕ್ಕಾರ. ಅರ್ಧಾ ನೀವ ಹೇಳಿಕೊಟ್ಟದ್ದು," ಎಂದಿತು ಎಮ್ಮೆ, ಮೆಲುಕು ಹಾಕುತ್ತ. "ಆದ್ರ ಅವ್ರು ಒಂದ್ ಕೈಲೆ ಹಾಳಿ ಹಿಡಕೊಂಡು ಓದ್ತಾರ, ಇನ್ನೊಂದ್ ಕೈಲೆ ನನ್ನ ಕಣ್ಣಾಗಿನ ನೊಣ ಓಡಸ್ತಾರ. ನನ್ನ ಬಾಲ ಅಲ್ಲೀತನಕ ಮುಟ್ಟಂಗಿಲ್ರಿ."

ಅಷ್ಟಕ್ಕೇ! ಸುಮಂಗಲಾ ಅವರ ಹೊಟ್ಟೆ ಇನ್ನಷ್ಟು ಉರಿಯಿತು. ಪ್ರಾಣಿಗಳ ನೋವಿನ ಬಗ್ಗೆ ನಾನೂರು ಪುಟ ಓದಿದಾಗ ಅಲ್ಲಿ ನೊಣಗಳಿದ್ದವೇ? ನೆನಪಾಗಲಿಲ್ಲ. ಈಗಂತೂ ನೀಲವ್ವನ ಎಡಗಣ್ಣಿನ ಮೂಲೆಯಲ್ಲಿ ಮೂರು ಕುಳಿತಿದ್ದವು. ಅವರು ಕೈಯಲ್ಲಿದ್ದ ಎಂಟನೆಯ ಪುಸ್ತಕದ ಹಸ್ತಪ್ರತಿಯನ್ನೇ ಎತ್ತಿ ಬೀಸಿದರು. ಅದರ ಅಂಚು ಎಮ್ಮೆಯ ರೆಪ್ಪೆಗೆ ಬಡಿಯಿತು.

"ಅಯ್ಯ, ತಪ್ಪಾತವಾ!"

"ಇರ್ಲಿ ಬಿಡ್ರಿ," ಎಂದಿತು ನೀಲವ್ವ ಮೆಲ್ಲಗೆ. "ನದಾಫ್ ಸರ್ ಸೈತ ಮೊದಲನೇ ದಿನ ಹಿಂಗ ಹೊಡದಿದ್ರು."

ಹುದ್ದೆ ಹೇಗೂ ಕೈತಪ್ಪಿತ್ತು. ಆದರೆ ಆ ಒಂದು ಮಾತಿಗೆ ಸುಮಂಗಲಾ ಅವರ ಹೊಟ್ಟೆಯುರಿ ತುಸು ತಣ್ಣಗಾಯಿತು. ಅವರು ಮತ್ತೆ ಬೀಸಿದರು, ಈ ಸಲ ನಿಧಾನವಾಗಿ.