ಮೊದಲು ತೆಗೆದ ಕೊನೆಯ ದೃಶ್ಯ

ಶಶಿಧರನ ಕಿರುಚಿತ್ರ ಬಿಡುಗಡೆಯಾದ ದಿನ ರೋಮ್ ನಗರದ ಒಂದು ಮನೆಯಲ್ಲೂ ಒಲೆ ಹೊತ್ತುವುದಿಲ್ಲ. ಊರಿಗೆ ಊರೇ ಅತ್ತೂ ಅತ್ತೂ ಉಪವಾಸ ಬೀಳುತ್ತದೆ. ಹಾಗಂತ ಹೇಳಿದ್ದು ಶಶಿಧರನೇ. ಬೀರೇಶ ಆಗ ಖಾನಾಪುರದ ಕಾಡುದಾರಿಯಲ್ಲಿ ಅಂಗಾತ ಬಿದ್ದು ಸತ್ತಿದ್ದ.

“ಉಸರ ಹಿಡಿಯೋ. ಹೆಣಾ ಎಲ್ಲೆರೆ ಹೊಟ್ಟಿ ಆಡಸ್ತೈತೇನ?”

ಕಥೆ ರೋಮಿನದು, ಎರಡು ಸಾವಿರ ವರ್ಷ ಹಳೆಯದು. ಅಕ್ಕಪಕ್ಕದ ಮನೆಯ ಹುಡುಗ ಹುಡುಗಿ, ನಡುಗೋಡೆಯ ಬಿರುಕಿನಲ್ಲಿ ಪಿಸುಮಾತು. ಕಾಡಿನಲ್ಲಿ ಅವಳ ಸೆರಗು ರಕ್ತವಾಗಿದ್ದು ಕಂಡು, ಸಿಂಹ ತಿಂದಿತೆಂದು ನಂಬಿ ಹುಡುಗ ಚಾಕು ಹಾಕಿಕೊಳ್ಳುತ್ತಾನೆ. ಶಶಿಧರ ಸಿಂಹ ತೆಗೆದು ಖಾನಾಪುರದ ಕರಡಿ ಹಾಕಿದ್ದ. ರೋಮಿನ ಉಡುಪು ಬೇಡವೆಂದ. ಬೀರೇಶನ ದಿನದ ಅಂಗಿಯೇ ಇರಬೇಕು, ಅವನ ಬೈಕೇ ಬದಿಗೆ ಬಿದ್ದಿರಬೇಕು. ಬೀರೇಶನ ಮೊಬೈಲು ಬಂದ್ ಆಗಿ ಶಶಿಧರನ ಕಿಸೆ ಸೇರಿತು.

“ಅಣ್ಣಾರ, ಚಾಕು ಹೊಟ್ಟಿಗೆ. ರಕ್ತ ತಲಿಗ್ಯಾಕ್ರಿ?”

“ನೋಡಾವ್ರಿಗೆ ಮಾರಿ ಕಾಣಬೇಕಲಾ.”

ಬೀರೇಶ ಮತ್ತೆ ಅಂಗಾತ ಬಿದ್ದ. ಶಹಾಪುರದಲ್ಲಿ ಅವನು ದುಡಿಯುವ ಮಗ್ಗದ ಶೆಡ್ಡಿಗೂ ಶಶಿಧರನ ಮನೆಗೂ ಒಂದೇ ಗೋಡೆ, ಗೋಡೆಗೊಂದು ತೂತು, ತೂತಿನಾಚೆ ಶಶಿಧರನ ತಂಗಿ ಸಮೃದ್ಧಿ. “ನೀ ಜೀವಂತ ಇರೂತನಕ ನಾ ಬ್ಯಾರೆಯವನ ತಾಳಿಗೆ ಕೊಳ್ಳ ಕೊಡಾಂಗಿಲ್ಲ” ಅಂದಿದ್ದಳು. ಅಣ್ಣನ ಮನಸ್ಸು ಗೆದ್ದರೆ ಅವಳು ಸಿಕ್ಕಂತೆ. ಅದಕ್ಕೇ ಬೀರೇಶ ಅವತ್ತು ಮುನ್ನೂರು ಸಲ ಸತ್ತ.

ರಾತ್ರಿ ಇಬ್ಬರೂ ಉಳಿದ ಲಾಡ್ಜಿನಲ್ಲಿ, ಸ್ಕ್ರಿಪ್ಟಿನ ನಾಯಕಿಯ ಮಾತನ್ನು ಮಾತ್ರ ಎರಡು ಸಲ ಓದಿದ. ಸಮೃದ್ಧಿ ತೂತಿನಲ್ಲಿ ಅಂದ ಅದೇ ಮಾತು, ಅಕ್ಷರ ಬಿಡದಂತೆ. ಪ್ರೀತಿ ಮಾಡಿದವರೆಲ್ಲ ಹೀಗೇ ಅನ್ನುತ್ತಾರೇನೋ ಎಂದು ಹಾಳೆ ತಿರುವಿದ.

ನಾಯಕಿ ಎಲ್ಲಿ ಎಂದರೆ ಶಶಿಧರನದು ಒಂದೇ ಉತ್ತರ, “ನಾಳೆ ಬರ್ತಾಳ.” ಅಂಥ ನಾಲ್ಕು ನಾಳೆಗಳು ಕಳೆದವು. ಐದನೆಯ ದಿನ ಬೀರೇಶ ಕ್ಯಾಮೆರಾ ಕಸಿದು ನೋಡಿದ. ಒಂದೇ ಒಂದು ಫೋಟೊ. ಅವನ ಹೆಣದ್ದು.

“ಪಿಚ್ಚರ್ ಎಲ್ಲೈತ್ರಿ ಅಣ್ಣಾರ?”

ಶಶಿಧರ ಗಡಿಯಾರ ನೋಡಿದ. ಹನ್ನೆರಡೂವರೆ. ದನಿಯಲ್ಲಿ ಬಡಾಯಿ ಉಳಿದಿರಲಿಲ್ಲ.

“ಪಿಚ್ಚರ್ ಇಲ್ಲೋ. ರೋಮಿನಾಗ ಯಾರೂ ಅಳಾಂಗಿಲ್ಲ. ಆ ಫೋಟೊ ನೋಡಾಕಿ ಒಬ್ಬಾಕೀನ ಇದ್ಲು. ಟ್ರಕ್ ಬಡದೈತಿ ಅಂತ ಬರದ ಅವತ್ತ ಕಳಿಸಿದ್ದೆ. ಎರಡ ದಿನ ಉಣಲಿಲ್ಲ, ಮೂರನೇ ದಿನ ಬ್ಯಾರೆಯವನ ತಾಳಿಗೆ ಹ್ಞೂಂ ಅಂದ್ಲು. ಈಗ ಅಕ್ಕಿಕಾಳ ಬಿದ್ದಿರ್ತಾವ.”

ಮೊಬೈಲು ತೆಗೆದು ಬೀರೇಶನ ಕೈಗಿಟ್ಟ.

“ತಂಗಿ ಲಗ್ನಾ ಬಿಟ್ಟ ನಾ ಇಲ್ಲಿ ಕುಂತದ್ದ, ಹೆಣಾ ಎದ್ದ ಊರಿಗೆ ಹೋಗಬಾರದಂತ.”